ಹನ್ನೆರಡು ಹೊನ್ನಿನ ಲೆಕ್ಕ

ನಮ್ಮ ಜಿಲ್ಲೆಯ ಪತ್ರಿಕೆಗಳಲ್ಲಿ ಒಂದು ಸುದ್ದಿ ವರ್ಷಕ್ಕೆ ಹಲವು ಸಲ ಬರುತ್ತದೆ. ಊರಿನ ಹೆಸರು ಬದಲಾಗುತ್ತದೆ, ವಾಕ್ಯ ಬದಲಾಗುವುದಿಲ್ಲ. ಖಚಿತ ಮಾಹಿತಿ ಮೇರೆಗೆ ದಾಳಿ, ಅಂದರ್ ಬಾಹರ್ ಎಂಬ ಇಸ್ಪೀಟು ಜೂಜಾಟ, ಇಷ್ಟು ಜನರ ಬಂಧನ, ಕಣದಲ್ಲಿದ್ದ ಇಷ್ಟು ನಗದು ಮತ್ತು 52 ಇಸ್ಪೀಟು ಎಲೆಗಳ ವಶ. ಚನ್ನಗಿರಿಯಲ್ಲಾದರೆ ಅಡಿಕೆ ತೋಟದ ಮನೆ, ಹೊನ್ನಾಳಿಯಲ್ಲಾದರೆ ಹೊಳೆದಂಡೆ, ನ್ಯಾಮತಿಯಲ್ಲಾದರೆ ಊರಾಚೆಯ ಗುಡಿಯ ಹಿಂಭಾಗ, ಜಗಳೂರಲ್ಲಾದರೆ ಹುಣಸೆಮರದ ಬುಡ. ಆ 52 ಎನ್ನುವ ಅಂಕಿ ನನಗೆ ಯಾವಾಗಲೂ ಸೋಜಿಗ. ಓಡುವ ಗಡಿಬಿಡಿಯಲ್ಲಿ ಒಂದೆಲೆಯೂ ಹಾರಿಹೋಗಲಿಲ್ಲವೇ? ಇರಲಿ. ಪಂಚನಾಮೆಗೂ ಒಂದು ಛಂದಸ್ಸಿದೆ.

ಈ ಆಟದ ಲೆಕ್ಕ ನನ್ನ ತಲೆ ಹೊಕ್ಕಿದ್ದು ನನ್ನ ಸೋದರಮಾವನಿಂದ. ಅವರ ಊರು ಆಗ ಹೊನ್ನಾಳಿ ತಾಲ್ಲೂಕು, ಶಿವಮೊಗ್ಗ ಜಿಲ್ಲೆ. 1997ರ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆಯಾದಾಗ ಹೊನ್ನಾಳಿ, ಚನ್ನಗಿರಿಗಳು ಶಿವಮೊಗ್ಗದಿಂದಲೂ ಜಗಳೂರು ಚಿತ್ರದುರ್ಗದಿಂದಲೂ ಬಂದವು. ಆಮೇಲೆ ನ್ಯಾಮತಿಯೇ ಬೇರೆ ತಾಲ್ಲೂಕಾಯಿತು. ಮಾವ ಎರಡು ಸಲ ವಿಳಾಸ ಬದಲಿಸಿದರು, ಮನೆಯಿಂದ ಏಳದೆ. ಯುಗಾದಿಯ ಮಾರನೇ ದಿನ ಅವರ ಊರಿನಲ್ಲಿ ಹಿರಿಯರು ಕಿರಿಯರು ಎನ್ನದೆ ಎಲೆ ಹಿಡಿಯುತ್ತಿದ್ದರು. ಅವತ್ತು ಆಡಿದರೆ ದೋಷವಿಲ್ಲ ಎಂಬ ನಂಬಿಕೆ. ದೀಪಾವಳಿಯ ಬಲಿಪಾಡ್ಯಮಿಗೂ ಶಾಸ್ತ್ರದಲ್ಲಿ ದ್ಯೂತಪ್ರತಿಪದೆ ಎಂಬ ಹೆಸರಿದೆ. ವರ್ಷಕ್ಕೆರಡು ದಿನ ಬಿಟ್ಟ ಬಾಗಿಲನ್ನು ಉಳಿದ ದಿನ ಮುಚ್ಚಲು ಕೆಲವರಿಗೆ ಆಗಲಿಲ್ಲ. ಅವರಲ್ಲಿ ಮಾವನೂ ಒಬ್ಬರು.

ಅಂದರ್ ಬಾಹರಿನಷ್ಟು ಸರಳ ಆಟ ಇನ್ನೊಂದಿಲ್ಲ. ಕಟ್ಟಿನಿಂದ ಒಂದೆಲೆ ತೆಗೆದು ಮುಖ ಮೇಲೆ ಮಾಡಿ ಇಡುತ್ತಾರೆ. ಅದು ಗುಲಾಮ ಎಂದಿಟ್ಟುಕೊಳ್ಳಿ. ಉಳಿದ 51ರಲ್ಲಿ ಇನ್ನು ಮೂರು ಗುಲಾಮಗಳಿವೆ. ಒಂದು ಎಲೆ ಒಳಗೆ, ಒಂದು ಹೊರಗೆ, ಹೀಗೆ ಹಾಕುತ್ತ ಹೋಗುವುದು. ಮೊದಲ ಗುಲಾಮ ಯಾವ ಕಡೆ ಬಿದ್ದಿತೋ ಆ ಕಡೆ ಕಟ್ಟಿದವರು ಗೆದ್ದರು. ಓದು ಬರಹ ಬೇಡ, ತಂತ್ರ ಬೇಡ, ಪೊಲೀಸರು ಬಂದರೆ ಅರ್ಧಕ್ಕೆ ಬಿಟ್ಟರೂ ನಷ್ಟವಿಲ್ಲ.

ಎಲ್ಲರೂ ಇದನ್ನು ಅರ್ಧಕ್ಕರ್ಧ ಅಂದುಕೊಂಡಿದ್ದರು. ಪದವಿಯಲ್ಲಿ ಗಣಿತ ಓದುವಾಗ ಒಂದು ರಜೆಯಲ್ಲಿ ನಾನು ಲೆಕ್ಕ ಹಾಕಿದೆ. ಮೂರು ಗುಲಾಮಗಳು 51 ಜಾಗಗಳಲ್ಲಿ ಕೂರಬಹುದಾದ ಬಗೆಗಳು ಒಟ್ಟು 20,825. ಅವುಗಳಲ್ಲಿ ಮೊದಲ ಗುಲಾಮ ಬೆಸ ಜಾಗದಲ್ಲಿ, ಅಂದರೆ ಮೊದಲ ಎಲೆ ಬಿದ್ದ ಕಡೆಯಲ್ಲಿ ಬರುವ ಬಗೆಗಳು 10,725. ಎದುರು ಕಡೆಗೆ 10,100. ಅಂದರೆ ಮೊದಲ ಎಲೆ ಯಾವ ಕಡೆ ಬೀಳುತ್ತದೋ ಆ ಕಡೆಗೆ ನೂರಕ್ಕೆ 51.5, ಇನ್ನೊಂದಕ್ಕೆ 48.5. ಆಟ ಸರಾಸರಿ ಹದಿಮೂರನೇ ಎಲೆಗೆ ಮುಗಿಯುತ್ತದೆ. ಕ್ಯಾಸಿನೊಗಳು ಇದನ್ನು ಬಲ್ಲವು. ಸಾಮಾನ್ಯವಾಗಿ ಅಲ್ಲಿ ಮೊದಲ ಎಲೆಯ ಕಡೆ ಗೆದ್ದರೆ ನೂರಕ್ಕೆ ತೊಂಬತ್ತು, ಇನ್ನೊಂದು ಕಡೆ ಗೆದ್ದರೆ ಪೂರ್ತಿ ನೂರು. ಮೊದಲನೆಯದರಲ್ಲಿ ಕಟ್ಟಿದ ನೂರಕ್ಕೆ ಸರಾಸರಿ ಎರಡು ರೂಪಾಯಿ ಚಿಲ್ಲರೆ, ಎರಡನೆಯದರಲ್ಲಿ ಮೂರು ರೂಪಾಯಿ ಮನೆಗೆ ಉಳಿಯುತ್ತದೆ.

ಇದನ್ನು ಮಾವನಿಗೆ ಹೇಳಿದೆ. ಅವರು ನಕ್ಕು, “ಒಂದೂವರೆ ರೂಪಾಯಿ ಆಚೆ ಈಚೆಗೆ ಯಾರಾದರೂ ಹಾಳಾಗ್ತಾರೇನೋ?” ಅಂದರು. ಅವರ ಪ್ರಶ್ನೆ ಸರಿಯಾಗಿಯೇ ಇತ್ತು. ನನ್ನ ಲೆಕ್ಕ ತಪ್ಪು ಜಾಗದಲ್ಲಿ ನೋಡುತ್ತಿತ್ತು.

ಊರಿನ ಕಣದಲ್ಲಿ ಕ್ಯಾಸಿನೊ ಇಲ್ಲ. ಆಡುವವರು ಒಬ್ಬರ ವಿರುದ್ಧ ಒಬ್ಬರು ಕಟ್ಟುತ್ತಾರೆ. ಆದರೆ ಜಾಗ ಕೊಟ್ಟವನು, ಎಲೆ ತಂದವನು, ಕಾವಲಿಗೆ ಹುಡುಗನನ್ನು ನಿಲ್ಲಿಸಿದವನು ಒಬ್ಬ ಇರುತ್ತಾನೆ. ಅವನು ಆಡುವುದಿಲ್ಲ. ಗೆದ್ದವನಿಂದ ನೂರಕ್ಕೆ ಹತ್ತು ತೆಗೆದುಕೊಳ್ಳುತ್ತಾನೆ, ಕೆಲವು ಕಡೆ ಐದು. ಹತ್ತು ಜನ ತಲಾ ಸಾವಿರ ರೂಪಾಯಿ ತಂದು ಕೂತರು, ಪ್ರತಿ ಆಟಕ್ಕೆ ತಲಾ ನೂರು, ಐವರು ಒಳಗೆ ಐವರು ಹೊರಗೆ. ಯಾವ ಕಡೆ ಬಿದ್ದರೂ ಐವರು ತಲಾ ನೂರು ಗೆಲ್ಲುತ್ತಾರೆ, ಜಾಗದವನಿಗೆ ಐವತ್ತು ಸೇರುತ್ತದೆ. ಗಂಟೆಗೆ ಇಪ್ಪತ್ತು ಆಟವಾದರೆ ಸಾವಿರ. ರಾತ್ರಿ ಹತ್ತಕ್ಕೆ ಕೂತವರು ಬೆಳಗಿನ ಜಾವ ನಾಲ್ಕಕ್ಕೆ ಎದ್ದರೆ ಆರು ಸಾವಿರ. ಹತ್ತು ಜನ ತಂದಿದ್ದೇ ಹತ್ತು ಸಾವಿರ. ಯಾರೂ ಮೋಸ ಮಾಡಲಿಲ್ಲ, ಎಲೆಗೆ ಗುರುತು ಹಾಕಲಿಲ್ಲ. ಕೋಳಿ ಕೂಗುವಾಗ ಕಣದಲ್ಲಿ ಉಳಿದದ್ದು ನಾಲ್ಕು ಸಾವಿರ. ಅದನ್ನು ಗೆದ್ದ ಇಬ್ಬರ ಹೆಸರು ವರ್ಷವಿಡೀ ಊರಿನ ಬಾಯಲ್ಲಿ ಇರುತ್ತದೆ. ಆರು ಸಾವಿರ ಒಯ್ದವನ ಹೆಸರು ಯಾರೂ ಹೇಳುವುದಿಲ್ಲ, ಅವನು ಆಡಿದವನೇ ಅಲ್ಲವಲ್ಲ.

ಕೋಳಿ ಅಂದದ್ದಕ್ಕೆ ನೆನಪಾಯಿತು. ಈ ಮೂರನೆಯವನ ಲೆಕ್ಕ ಕನ್ನಡ ನಾಡಿನಲ್ಲಿ ಸಾವಿರದ ನೂರಕ್ಕೂ ಹೆಚ್ಚು ವರ್ಷಗಳ ಹಿಂದೆಯೇ ಬರವಣಿಗೆಗೆ ಬಂದಿತ್ತು. ಮಾನ್ಯಖೇಟದಿಂದ ಆಳಿದ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಅಂದರೆ ಒಂಬತ್ತನೇ ಶತಮಾನದ ನಡುವೆ, ಮಹಾವೀರಾಚಾರ್ಯನೆಂಬ ಜೈನ ಗಣಿತಜ್ಞ ‘ಗಣಿತಸಾರಸಂಗ್ರಹ’ ಬರೆದ. ಗ್ರಂಥ ಸಂಸ್ಕೃತದ್ದು. 1912ರಲ್ಲಿ ಮದ್ರಾಸಿನಲ್ಲಿ ಎಂ. ರಂಗಾಚಾರ್ಯರು ಇಂಗ್ಲಿಷ್ ಅನುವಾದದೊಡನೆ ಅಚ್ಚು ಹಾಕಿಸಿದರು. ಮೈಸೂರಿನ ಗಣಿತ ಪ್ರಾಧ್ಯಾಪಕಿ ಪದ್ಮಾವತಮ್ಮನವರ ಕನ್ನಡ ಅನುವಾದವಿರುವ ಆವೃತ್ತಿ 2000ದಲ್ಲಿ ಹೊಂಬುಜದಿಂದ ಬಂತು. ಹೊಂಬುಜ ನಮಗೆ ದೂರದ್ದಲ್ಲ, ಹೊಸನಗರ ತಾಲ್ಲೂಕು. ಇಷ್ಟು ವಸ್ತುಗಳಿಂದ ಇಷ್ಟನ್ನು ಆರಿಸುವ ಬಗೆಗಳೆಷ್ಟು ಎಂಬ ಸಾಮಾನ್ಯ ಸೂತ್ರ ಆ ಗ್ರಂಥದಲ್ಲಿದೆ. ನಾನು ಮೇಲೆ ಹೇಳಿದ 20,825 ಅದೇ ಸೂತ್ರದ ಫಲ. ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಬೇರೆ ಒಂದು ಲೆಕ್ಕ.

ಕೋಳಿ ಅಂಕ ನಡೆಯುತ್ತಿದೆ. ಮಂತ್ರ ಔಷಧ ಬಲ್ಲ ಒಬ್ಬ ಚತುರ ಅಲ್ಲಿಗೆ ಬರುತ್ತಾನೆ. ಒಂದು ಹುಂಜದ ಒಡೆಯನನ್ನು ಪಕ್ಕಕ್ಕೆ ಕರೆದು ಗುಟ್ಟಾಗಿ ಹೇಳುತ್ತಾನೆ: ನಿನ್ನ ಹುಂಜ ಗೆದ್ದರೆ ನಿನ್ನ ಪಣದಷ್ಟು ಹಣ ನನಗೆ ಕೊಡು, ಸೋತರೆ ನಿನ್ನ ಪಣದ ಮೂರರಲ್ಲಿ ಎರಡು ಪಾಲು ನಾನು ನಿನಗೆ ಕೊಡುತ್ತೇನೆ. ಆಮೇಲೆ ಇನ್ನೊಬ್ಬ ಒಡೆಯನ ಹತ್ತಿರ ಹೋಗಿ ಅದೇ ಮಾತು, ಆದರೆ ಸೋತರೆ ನಾಲ್ಕರಲ್ಲಿ ಮೂರು ಪಾಲು. ಯಾರು ಗೆದ್ದರೂ ಅವನಿಗೆ ಉಳಿಯುವುದು ಹನ್ನೆರಡು ಹೊನ್ನು. ಹಾಗಾದರೆ ಇಬ್ಬರ ಪಣ ಎಷ್ಟೆಷ್ಟು ಎಂಬುದು ಪ್ರಶ್ನೆ.

ಉತ್ತರ 42 ಮತ್ತು 40. ಒರೆ ಹಚ್ಚಿ ನೋಡಿ. ಮೊದಲನೆಯವನು ಗೆದ್ದರೆ 42 ಬಂತು, ಎರಡನೆಯವನಿಗೆ ನಲವತ್ತರ ಮುಕ್ಕಾಲು, ಅಂದರೆ 30 ಹೋಯಿತು, ಉಳಿದದ್ದು 12. ಎರಡನೆಯವನು ಗೆದ್ದರೆ 40 ಬಂತು, ಮೊದಲನೆಯವನಿಗೆ ನಲವತ್ತೆರಡರ ಮೂರನೇ ಎರಡು, 28 ಹೋಯಿತು, ಉಳಿದದ್ದು 12. ಯಾವ ಹುಂಜ ಸತ್ತರೂ ಹನ್ನೆರಡು. ಮಂತ್ರ ಔಷಧದ ಮಾತು ಬರೀ ಬೆದರುಬೊಂಬೆ, ಒಡೆಯರಿಬ್ಬರೂ ಅವನನ್ನು ನಂಬುವುದಕ್ಕೆ. ಅವನ ವಿದ್ಯೆ ಇರುವುದು ಭಿನ್ನರಾಶಿಯಲ್ಲಿ.

ಯುರೋಪಿನಲ್ಲಿ ಜೂಜಿನ ಗಣಿತದ ಕಥೆ ಹೇಳುವವರು ಕಾರ್ಡಾನೊನಿಂದ ಶುರು ಮಾಡಿ, 1654ರಲ್ಲಿ ಪಾಸ್ಕಲ್ ಮತ್ತು ಫರ್ಮಾ ಬರೆದುಕೊಂಡ ಪತ್ರಗಳಿಗೆ ಬಂದು, 1657ರ ಹೈಗೆನ್ಸನ ಪುಸ್ತಕದಲ್ಲಿ ನಿಲ್ಲುತ್ತಾರೆ. ಅವರೆಲ್ಲರ ಪ್ರಶ್ನೆ ಒಂದೇ: ಆಡುವವನಿಗೆ ಎಷ್ಟು ಸಾಧ್ಯತೆ? ಮಹಾವೀರಾಚಾರ್ಯನ ಲೆಕ್ಕದಲ್ಲಿ ಸಾಧ್ಯತೆಯ ಮಾತೇ ಇಲ್ಲ. ಯಾವ ಹುಂಜ ಬಲಶಾಲಿ ಎಂದು ಅವನು ಕೇಳುವುದೇ ಇಲ್ಲ. ಅದನ್ನು ಕೇಳಬೇಕಾಗಿಲ್ಲದ ಜಾಗವೊಂದು ಕಣದಲ್ಲಿದೆ ಎಂದು ತೋರಿಸುತ್ತಾನೆ, ಅಷ್ಟೆ. ಸಂಭಾವ್ಯತೆಯ ಶಾಸ್ತ್ರ ಮೊದಲು ಎಲ್ಲಿ ಹುಟ್ಟಿತು ಎಂಬ ಪೈಪೋಟಿಗೆ ನಾನು ಇಳಿಯುವುದಿಲ್ಲ, ಇದು ಆ ಶಾಸ್ತ್ರವಲ್ಲ. ಆದರೆ ಜೂಜುಕಟ್ಟೆಯ ಅರ್ಥಶಾಸ್ತ್ರವನ್ನು ಇಷ್ಟು ಚಿಕ್ಕದಾಗಿ, ಇಷ್ಟು ನಿರ್ದಯವಾಗಿ ಹೇಳಿದ ಇನ್ನೊಂದು ಲೆಕ್ಕವನ್ನು ನಾನು ಓದಿಲ್ಲ.

ಆಡುವವನ ಜಾಣ್ಮೆಯ ಕಥೆಯೂ ನಮ್ಮಲ್ಲಿದೆ. ನಳನದು. ಕನಕದಾಸರ ‘ನಳಚರಿತ್ರೆ’ಯಿಂದಾಗಿ ಹಳ್ಳಿಗಳಲ್ಲೂ ಗೊತ್ತಿರುವ ಕಥೆ. ಪುಷ್ಕರನೊಡನೆ ಆಡಿ ರಾಜ್ಯ ಕಳೆದುಕೊಂಡ ನಳ ಋತುಪರ್ಣನ ಸಾರಥಿಯಾಗಿರುತ್ತಾನೆ. ವ್ಯಾಸಭಾರತದ ವನಪರ್ವದಲ್ಲಿ ಬರುವಂತೆ, ರಥ ಓಡುವಾಗ ಋತುಪರ್ಣ ಒಂದು ತಾರೆಮರವನ್ನು ನೋಡಿ ಅದರ ಎರಡು ಕೊಂಬೆಗಳಲ್ಲಿ ಎಲೆ ಇಷ್ಟು, ಕಾಯಿ 2095 ಎಂದುಬಿಡುತ್ತಾನೆ. ನಳ ರಥ ನಿಲ್ಲಿಸಿ ಎಣಿಸುತ್ತಾನೆ, ಸರಿಯಾಗಿರುತ್ತದೆ. ಆಗ ಅಶ್ವಹೃದಯ ಕೊಟ್ಟು ಅಕ್ಷಹೃದಯ ಪಡೆಯುತ್ತಾನೆ. ಕುದುರೆಯ ಗುಟ್ಟಿಗೆ ಬದಲಾಗಿ ದಾಳದ ಗುಟ್ಟು. ಈ ಪ್ರಸಂಗವನ್ನು ಇಯಾನ್ ಹ್ಯಾಕಿಂಗ್ ಎಂಬ ತತ್ವಜ್ಞಾನಿ 1975ರಲ್ಲಿ ಸಂಭಾವ್ಯತೆಯ ಚರಿತ್ರೆ ಬರೆಯುವಾಗ ಎತ್ತಿಕೊಂಡಿದ್ದಾನೆ. ಎಲೆ ಎಣಿಸುವುದಕ್ಕೂ ದಾಳ ಆಡುವುದಕ್ಕೂ ಏನು ಸಂಬಂಧ? ಸ್ವಲ್ಪ ನೋಡಿ ಪೂರ್ತಿಯನ್ನು ಅಂದಾಜು ಮಾಡುವ ವಿದ್ಯೆ ಎರಡಕ್ಕೂ ಒಂದೇ ಎಂಬ ತಿಳಿವು ಆ ಕಥೆ ಕಟ್ಟಿದವರಿಗಿತ್ತು. ವೇದಕಾಲದ ದಾಳವೇ ತಾರೆಕಾಯಿ ಎಂಬುದನ್ನು ಮರೆಯಬಾರದು. ಕೃತ, ತ್ರೇತಾ, ದ್ವಾಪರ, ಕಲಿ ಎಂಬವೂ ಮೊದಲು ದಾಳದ ಎಸೆತಗಳ ಹೆಸರುಗಳೇ.

ಋತುಪರ್ಣನನ್ನು ನೋಡಬೇಕೆಂದರೆ ಚನ್ನಗಿರಿಗೋ ನ್ಯಾಮತಿಗೋ ಬನ್ನಿ. ಅಡಿಕೆ ಫಸಲು ಮರದಲ್ಲಿರುವಾಗಲೇ ತೋಟವನ್ನು ಚೇಣಿ ಹಿಡಿಯುವವರು ಇಲ್ಲಿದ್ದಾರೆ. ಚೇಣಿದಾರ ತೋಟದೊಳಗೆ ಒಂದು ಸುತ್ತು ಬರುತ್ತಾನೆ. ಅಲ್ಲೊಂದು ಇಲ್ಲೊಂದು ಮರದ ಗೊನೆ ನೋಡುತ್ತಾನೆ, ಉದುರಿದ ಕಾಯಿಯನ್ನು ಕಾಲಲ್ಲಿ ಸರಿಸುತ್ತಾನೆ, ಬೇಲಿ ದಾಟುವ ಮೊದಲು ಇಷ್ಟು ಕ್ವಿಂಟಾಲ್ ಎನ್ನುತ್ತಾನೆ. ಮಾವ ಆ ಕೆಲಸದಲ್ಲಿ ಹೆಸರು ಮಾಡಿದವರು. ಅಕ್ಕಪಕ್ಕದ ಊರಿನವರು ತಮ್ಮ ತೋಟವನ್ನು ಬೇರೆಯವರಿಗೆ ಚೇಣಿ ಕೊಡುವಾಗಲೂ ಮೊದಲು ಇವರನ್ನು ಕರೆದು ಅಂದಾಜು ಕೇಳುತ್ತಿದ್ದರು.

ಹಾಗೆ ಲೆಕ್ಕ ಬಲ್ಲವರು ಓ.ಸಿ.ಗೆ ಹೇಗೆ ಬಿದ್ದರು ಎಂಬುದೇ ನನಗೆ ಬಹಳ ಕಾಲ ಬಿಡಿಸಲಾಗದ ಒಗಟು.

ಮುಂಬಯಿಯವರು ಮಟ್ಕಾ ಅನ್ನುವುದನ್ನು ನಮ್ಮ ಕಡೆ ಓ.ಸಿ. ಅನ್ನುತ್ತಾರೆ, ಓಪನ್–ಕ್ಲೋಸ್ ಎಂಬುದರ ಮೊಟಕು. ಅದರ ಮೂಲ ಹತ್ತಿ. ನ್ಯೂಯಾರ್ಕ್ ಹತ್ತಿ ವಿನಿಮಯ ಕೇಂದ್ರದಲ್ಲಿ ಬೆಳಗ್ಗೆ ಶುರುವಾದ ಮತ್ತು ಸಂಜೆ ಮುಗಿದ ಧಾರಣೆ ಟೆಲಿಪ್ರಿಂಟರಿನಲ್ಲಿ ಮುಂಬಯಿಗೆ ಬರುತ್ತಿತ್ತು. ಆ ಅಂಕಿಗಳ ಮೇಲೆ ಜನ ಬಾಜಿ ಕಟ್ಟುತ್ತಿದ್ದರು. 1961ರಲ್ಲಿ ಆ ಧಾರಣೆ ಬರುವುದು ನಿಂತಿತು. 1962ರಲ್ಲಿ ಕಲ್ಯಾಣಜಿ ಭಗತ್ ವರ್ಲಿಯಲ್ಲಿ, 1964ರಲ್ಲಿ ರತನ್ ಖತ್ರಿ ಇನ್ನೊಂದು ಕಡೆ, ಹತ್ತಿಯ ಹಂಗಿಲ್ಲದೆ ತಾವೇ ಅಂಕಿ ಎತ್ತತೊಡಗಿದರು. ಮೊದಲು ಮಡಕೆಯಿಂದ ಚೀಟಿ, ಆಮೇಲೆ ಇಸ್ಪೀಟಿನ ಮೂರು ಎಲೆ. ಮೂರನ್ನೂ ಕೂಡಿ ಬಂದ ಮೊತ್ತದ ಕೊನೆಯ ಅಂಕಿಯೇ ಓಪನ್. ಇನ್ನೊಮ್ಮೆ ಎತ್ತಿದ್ದು ಕ್ಲೋಸ್.

ಈ ಯಂತ್ರ ಗಣಿತದ ದೃಷ್ಟಿಯಿಂದ ಸೊಗಸಾಗಿದೆ ಎಂದು ಒಪ್ಪಲೇಬೇಕು. ಸೊನ್ನೆಯಿಂದ ಒಂಬತ್ತರವರೆಗಿನ ಮೂರು ಅಂಕಿಗಳ ಗುಂಪು, ಕ್ರಮ ಲೆಕ್ಕಿಸದೆ, 220 ಆಗುತ್ತವೆ. ಮೂರೂ ಬೇರೆ ಬೇರೆಯಾದವು 120, ಎರಡು ಒಂದೇ ಆದವು 90, ಮೂರೂ ಒಂದೇ ಆದವು 10. ಇವನ್ನು ಕೂಡಿ ಕೊನೆಯ ಅಂಕಿ ನೋಡಿದರೆ ಪ್ರತಿ ಅಂಕಿಗೂ ಸರಿಯಾಗಿ ಹನ್ನೆರಡು, ಒಂಬತ್ತು, ಒಂದು, ಒಟ್ಟು 22. ಯಾವ ಅಂಕಿಗೂ ಪಕ್ಷಪಾತವಿಲ್ಲ. ಪಕ್ಷಪಾತವೆಲ್ಲ ಕೊಡುವ ಹಣದಲ್ಲಿದೆ. ಓಪನ್ ಕ್ಲೋಸ್ ಸೇರಿದ ಜೋಡಿ ನೂರು ಬಗೆ. ನಮ್ಮ ಕಡೆ ಚೀಟಿ ಬರೆಯುವವನು ಒಂದು ರೂಪಾಯಿಗೆ ಎಂಬತ್ತು ಕೊಡುತ್ತಾನೆ. ನೂರು ಜನ ನೂರು ಜೋಡಿಗೆ ಒಂದೊಂದು ರೂಪಾಯಿ ಕಟ್ಟಿದರೆ ಒಬ್ಬನಿಗೆ ಎಂಬತ್ತು, ಇಪ್ಪತ್ತು ಮೇಲಿನವರಿಗೆ. ಮಹಾವೀರಾಚಾರ್ಯನ ಚತುರ ನೂರು ಹುಂಜಗಳ ನಡುವೆ ನಿಂತಹಾಗೆ. ಬರಬರುತ್ತ ಕಡಿಮೆ ಹಣ ಬಿದ್ದ ಅಂಕಿಯನ್ನೇ ಹುಡುಕಿ ಎತ್ತುತ್ತಾರೆ ಎಂಬ ಆರೋಪವೂ ಹಳೆಯದು. ನಿಜವಿದ್ದರೂ ಅದು ದುರಾಸೆ ಮಾತ್ರ, ಪ್ರಾಮಾಣಿಕವಾಗಿ ಎತ್ತಿದರೂ ನೂರಕ್ಕೆ ಇಪ್ಪತ್ತು ಸಿಗುತ್ತದೆ.

ಮಾವ ತೀರಿಕೊಂಡ ಮೇಲೆ ಅವರ ಪೆಟ್ಟಿಗೆಯಲ್ಲಿ ಉದ್ದನೆಯ ಲೆಕ್ಕದ ಪುಸ್ತಕವೊಂದು ಸಿಕ್ಕಿತು. ಪುಟ ಪುಟಕ್ಕೂ ತಾರೀಖು, ಓಪನ್, ಕ್ಲೋಸ್. ಬಹಳ ದಿನ ಬಾರದ ಜೋಡಿಗಳಿಗೆ ಕೆಂಪು ಸುತ್ತು. ಅವರು ಋತುಪರ್ಣನಾಗಲು ನೋಡಿದ್ದರು. ಸ್ವಲ್ಪ ನೋಡಿ ಪೂರ್ತಿ ಹೇಳುವ ವಿದ್ಯೆ ಅಡಿಕೆಯಲ್ಲಿ ಫಲಿಸಿತ್ತು, ಅಂಕಿಯಲ್ಲೇಕೆ ಫಲಿಸದು? ಅಡಿಕೆ ಮರಕ್ಕೆ ನೆನಪಿದೆ, ಅದಕ್ಕೆ. ಹೋದ ವರ್ಷದ ನೀರು, ಈ ವರ್ಷದ ಕೊಳೆ, ಎಲ್ಲ ಗೊನೆಯಲ್ಲಿ ಬರೆದಿರುತ್ತದೆ. ಓ.ಸಿ.ಯ ಅಂಕಿಗೆ ನಿನ್ನೆಯದು ಗೊತ್ತಿಲ್ಲ. ನೂರು ದಿನ ಎತ್ತಿದರೆ ನೂರು ಜೋಡಿಗಳಲ್ಲಿ ಸರಾಸರಿ ಮೂವತ್ತೇಳು ಒಮ್ಮೆಯೂ ಬಂದಿರುವುದಿಲ್ಲ. ಅದು ಬಾಕಿ ಅಲ್ಲ, ಸಹಜ. ಮಾವನ ಪುಸ್ತಕದಲ್ಲಿ ಕೆಂಪು ಸುತ್ತುಗಳಿಗೆ ಬರವೇ ಇರಲಿಲ್ಲ.

ನೆನಪಿರುವ ಜೂಜೂ ಒಂದಿದೆ, ಬ್ಲ್ಯಾಕ್‌ಜ್ಯಾಕ್. ಎಲೆಗಳ ಮೊತ್ತ 21 ದಾಟದಂತೆ ಹತ್ತಿರ ಹೋಗಬೇಕು. ಎಕ್ಕದ ಜೊತೆ ಹತ್ತು ಅಥವಾ ಚಿತ್ರದ ಎಲೆ ಬಂದರೆ ಎರಡೇ ಎಲೆಗೆ 21. ಒಂದು ಕಟ್ಟಿನಲ್ಲಿ ಎರಡೆಲೆ ಸಿಗುವ 1,326 ಬಗೆಗಳಲ್ಲಿ 64 ಇಂಥವು, ನೂರಕ್ಕೆ 4.8. ಆದರೆ ಹಾಕಿದ ಎಲೆ ಕಟ್ಟಿಗೆ ಮರಳುವುದಿಲ್ಲ. ನಾಲ್ಕು ಎಕ್ಕಗಳೂ ಹೋಗಿದ್ದರೆ ಆ 4.8 ಸೊನ್ನೆಯಾಗುತ್ತದೆ. ಚಿಕ್ಕ ಎಲೆಗಳು ಹೋಗಿ ಹತ್ತು, ಎಕ್ಕಗಳು ಉಳಿದಿದ್ದರೆ ಏರುತ್ತದೆ. 1956ರಲ್ಲಿ ಅಮೆರಿಕದ ಸೇನೆಯಲ್ಲಿದ್ದ ನಾಲ್ವರು ಮೇಜಿನ ಲೆಕ್ಕಯಂತ್ರ ಬಳಸಿ ಇದರ ಉತ್ತಮ ಆಟದ ಕ್ರಮ ಕಂಡುಹಿಡಿದರು. ಅದರಂತೆ ಆಡಿದರೆ, ನಿಯಮ ಅನುಕೂಲವಿದ್ದಲ್ಲಿ, ಮನೆಯ ಲಾಭ ನೂರಕ್ಕೆ ಅರ್ಧ ರೂಪಾಯಿಯ ಆಸುಪಾಸಿಗೆ ಇಳಿಯುತ್ತದೆ. ಎಡ್ವರ್ಡ್ ಥಾರ್ಪ್ ಐಬಿಎಂ 704 ಗಣಕದಲ್ಲಿ ಲೆಕ್ಕ ಮಾಡಿ, ಹೋದ ಎಲೆಗಳನ್ನು ನೆನಪಿಟ್ಟರೆ ಆಡುವವನದೇ ಮೇಲುಗೈ ಎಂದು 1962ರ ತನ್ನ ಪುಸ್ತಕದಲ್ಲಿ ತೋರಿಸಿದ. ಕ್ಯಾಸಿನೊಗಳು ಕಟ್ಟುಗಳನ್ನು ಹೆಚ್ಚಿಸಿ, ಬೇಗ ಬೇಗ ಕಲಸಿ ನೆನಪನ್ನು ಅಳಿಸತೊಡಗಿದವು. ನಮ್ಮೂರಿನ ಓ.ಸಿ. ಆ ಆಟಕ್ಕಿಂತ ನಲವತ್ತು ಪಟ್ಟು ದುಬಾರಿ ಎಂದು ಲೆಕ್ಕ ಹೇಳುತ್ತದೆ. ಗೋವಾದ ಹಡಗು ಕ್ಯಾಸಿನೊಗಳಿಗೆ ಹೋಗಿ ಕಳೆದು ಬಂದವರನ್ನು ಊರು ಆಡಿಕೊಂಡು ನಗುತ್ತದೆ. ದಿನಾ ಹತ್ತು ರೂಪಾಯಿ ಚೀಟಿ ಬರೆಸಿದವನನ್ನು ನೋಡಿ ಯಾರೂ ನಗುವುದಿಲ್ಲ.

ವಿಚಿತ್ರವೆಂದರೆ ನಮ್ಮ ಕಾನೂನೂ ನೆನಪಿನ ಮೇಲೆಯೇ ನಿಂತಿದೆ. 1957ರ ಚಮರ್‌ಬಾಗ್‌ವಾಲಾ ಪ್ರಕರಣದಲ್ಲಿ ಜೂಜು ವ್ಯಾಪಾರವೇ ಅಲ್ಲ, ಸಂವಿಧಾನದ ರಕ್ಷಣೆ ಅದಕ್ಕಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ತೀರ್ಪಿನಲ್ಲಿ ಋಗ್ವೇದದ ಅಕ್ಷಸೂಕ್ತದ ಮಾತೂ ಬರುತ್ತದೆ. ಆ ಬಹುಮಾನದ ಪದಬಂಧ ಅಚ್ಚಾಗುತ್ತಿದ್ದ ಪತ್ರಿಕೆ ಬೆಂಗಳೂರಿನದು. ಮುಂದೆ 1968ರ ಸತ್ಯನಾರಾಯಣ ಪ್ರಕರಣದಲ್ಲಿ ಅದೇ ನ್ಯಾಯಾಲಯ ರಮ್ಮಿಯನ್ನು ಬೇರ್ಪಡಿಸಿತು. ಬಿದ್ದ ಎಲೆಗಳನ್ನು ನೆನಪಿಡಬೇಕು, ಯಾವುದು ಇಟ್ಟುಕೊಳ್ಳಬೇಕು ಯಾವುದು ಬಿಡಬೇಕು ಎಂಬ ಚಾತುರ್ಯ ಬೇಕು, ಆದ್ದರಿಂದ ಅದು ಮೂರೆಲೆಯ ಆಟದಂತೆ ಬರೀ ಅದೃಷ್ಟವಲ್ಲ ಎಂದಿತು. ಥಾರ್ಪ್ ಗಣಕದಲ್ಲಿ ಕಂಡದ್ದನ್ನು ಆರು ವರ್ಷದೊಳಗೆ ನ್ಯಾಯಮೂರ್ತಿಗಳು ಬೇರೆ ದಾರಿಯಿಂದ ಮುಟ್ಟಿದ್ದರು. 1963ರ ಕರ್ನಾಟಕ ಪೊಲೀಸ್ ಕಾಯ್ದೆಯಲ್ಲೂ ಚಾತುರ್ಯದ ಆಟಕ್ಕೆ ವಿನಾಯಿತಿ ಇತ್ತು. 2021ರಲ್ಲಿ ರಾಜ್ಯ ಸರ್ಕಾರ ಆನ್‌ಲೈನ್ ಆಟಗಳಿಗೆ ಅದನ್ನು ಕಿತ್ತುಹಾಕಿದಾಗ, 2022ರ ಫೆಬ್ರವರಿಯಲ್ಲಿ ಹೈಕೋರ್ಟು ತಿದ್ದುಪಡಿಯನ್ನು ರದ್ದು ಮಾಡಿತು. 2025ರ ಆಗಸ್ಟಿನಲ್ಲಿ ಸಂಸತ್ತು ಹಣ ಕಟ್ಟುವ ಆನ್‌ಲೈನ್ ಆಟಗಳನ್ನೆಲ್ಲ, ಚಾತುರ್ಯವೋ ಅದೃಷ್ಟವೋ ಎಂದು ನೋಡದೆ, ನಿಷೇಧಿಸಿತು. ಈ ವಾದದಲ್ಲೆಲ್ಲ ಆಡುವವನ ತಲೆಯನ್ನೇ ಅಳೆದರು. ಮಧ್ಯೆ ನಿಂತವನ ಹನ್ನೆರಡು ಹೊನ್ನನ್ನು ಅಳೆಯುವ ಕೆಲಸಕ್ಕೆ ಇಷ್ಟು ಉತ್ಸಾಹ ಕಾಣಲಿಲ್ಲ ಎಂಬುದು ನನ್ನ ತಕರಾರು.

ದಾಳಿಯಾದಾಗ ಕೈಗೆ ಸಿಗುವವರು ಆಡುವವರು ಮತ್ತು ಚೀಟಿ ಬರೆಯುವವರು. 2024ರ ಮೇ 24ರ ರಾತ್ರಿ ಚನ್ನಗಿರಿಯಲ್ಲಿ ಆದದ್ದನ್ನು ಇಲ್ಲಿಯವರು ಇನ್ನೂ ಮರೆತಿಲ್ಲ. ಓ.ಸಿ. ಆರೋಪದ ಮೇಲೆ ಠಾಣೆಗೆ ಕರೆತಂದ ವ್ಯಕ್ತಿಯೊಬ್ಬರು ತೀರಿಕೊಂಡರು. ಜನ ಠಾಣೆಗೆ ನುಗ್ಗಿದರು, ವಾಹನಗಳು ಉರುಳಿದವು, ಪೊಲೀಸರಿಗೆ ಗಾಯಗಳಾದವು. ಇಬ್ಬರು ಅಧಿಕಾರಿಗಳು ಅಮಾನತಾದರು, ತನಿಖೆ ಸಿಐಡಿಗೆ ಹೋಯಿತು. ಒಂದು ರೂಪಾಯಿಗೆ ಎಂಬತ್ತರ ಆಟ ಒಂದು ಊರನ್ನು ಅಲ್ಲಿಗೆ ತಂದು ನಿಲ್ಲಿಸಿತ್ತು.

ಜಗಳೂರಿನ ಗೆಳೆಯನೊಬ್ಬ ಇದನ್ನೆಲ್ಲ ಕೇಳಿ, “ನಮ್ಮ ಒಕ್ಕಲುತನವೇ ಜೂಜಲ್ಲವಾ ಸಾರ್, ಭದ್ರಾ ನೀರು ನಿಮಗೆ ಬಂತು, ನಾವು ಇನ್ನೂ ಮೋಡ ನೋಡ್ತಿದೀವಿ” ಅಂದ. ಅವನ ನೋವು ನಿಜ, ಮಾತು ನನಗೆ ಒಪ್ಪಿಗೆಯಿಲ್ಲ. ಮಳೆ ಕೈಕೊಟ್ಟಾಗ ಮೆಕ್ಕೆಜೋಳ ಒಣಗುತ್ತದೆ, ಬೋರ್‌ವೆಲ್ ಬರಿದಾಗುತ್ತದೆ. ಆದರೆ ಮಳೆ ಬಂದ ವರ್ಷ ಒಂದು ಕಾಳು ನೂರು ಕಾಳಾಗುತ್ತದೆ, ಆ ನೂರು ಇನ್ನೊಬ್ಬನ ಜೇಬಿನಿಂದ ಬಂದದ್ದಲ್ಲ. ಕಣ ಎಂಬ ಶಬ್ದ ಒಂದೇ ಇರಬಹುದು. ಸುಗ್ಗಿಯ ಕಣದಲ್ಲಿ ರಾಶಿ ಬೆಳೆಯುತ್ತದೆ, ಇಸ್ಪೀಟಿನ ಕಣದಲ್ಲಿ ಗಂಟೆಗೆ ಸಾವಿರ ಕರಗುತ್ತದೆ.

ಮಾವನ ಪುಸ್ತಕದ ಬಗ್ಗೆ ಒಂದು ಮಾತು ಬಿಟ್ಟುಹೋಗಿತ್ತು. ಅದನ್ನು ಅವರು ಎರಡು ಕಡೆಯಿಂದ ಬರೆದಿದ್ದರು. ಮುಂದಿನಿಂದ ಓ.ಸಿ., ತಿರುಗಿಸಿ ಹಿಡಿದರೆ ಹಿಂದಿನಿಂದ ಚೇಣಿ. ತೋಟದ ಯಜಮಾನನ ಹೆಸರು, ನೋಡಿ ಹೇಳಿದ ಅಂದಾಜು, ಕೊಯ್ಲಾದ ಮೇಲೆ ಬಂದ ತೂಕ. ಎರಡೂ ಅಂಕಿಗಳು ಸಾಲು ಸಾಲಾಗಿ ಒಂದರ ಪಕ್ಕ ಒಂದು, ಅಣ್ಣ ತಮ್ಮಂದಿರ ಹಾಗೆ. ಕೊನೆಯ ಸಾಲಿನಲ್ಲಿ ಅವರದೇ ತೋಟ. ಓ.ಸಿ. ಸಾಲ ತೀರಿಸಲು ಮಾರಿದ ಎರಡೆಕರೆ ಕಳೆದು ಉಳಿದದ್ದು. ಅಂದಾಜು ಬರೆದಿದ್ದರು, ತೂಕದ ಜಾಗ ಖಾಲಿ. ಕೊಯ್ಲಿಗೆ ಮೊದಲೇ ಅವರು ಹೋಗಿದ್ದರು.

“ಆ ವರ್ಷ ಎಷ್ಟು ಬಂತು ಅತ್ತೆ?” ಎಂದು ಕೇಳಿದೆ.

ಅತ್ತೆ ಸುಲಿದ ಅಡಿಕೆಯನ್ನು ಮೊರಕ್ಕೆ ಸುರಿದುಕೊಳ್ಳುತ್ತ ಅಂದರು, “ಅವರು ಹೇಳಿದಷ್ಟೇ ಬಂತು ಕಣಪ್ಪಾ. ಐದು ಕೇಜಿ ಆಚೆ ಈಚೆ.”